ಕಿವಿಯಲ್ಲಿ ಹೇಳಿದ ಹೆಸರು

೧೮ ಜೂನ್ ೨೦೨೪

ಬೆಳಿಗ್ಗೆ ಒಂಬತ್ತಕ್ಕೆ ಮೃತ್ಯುಂಜಯನ ಫೋನು. ನಲವತ್ತೇಳು ವರ್ಷದ ಗಂಡಸು, ಹತ್ತಿಮತ್ತೂರಿನಲ್ಲಿ ಪಂಪ್‌ಸೆಟ್ಟಿನ ಮೋಟಾರು ರಿಪೇರಿ ಮಾಡುತ್ತ ಬಂದ ಗಿರಾಕಿಗಳನ್ನೆಲ್ಲ ಗದರಿಸುವ ನನ್ನ ತಮ್ಮ, ಮಾತು ಹೊರಡದೆ ಮೂಗೆಳೆಯುತ್ತಿದ್ದ. “ಅಕ್ಕಾ, ಹೆಣ್ಣು,” ಅಂದಷ್ಟೇ ಅಂದು ಫೋನು ಇಟ್ಟುಬಿಟ್ಟ. ಶಿಗ್ಗಾಂವಿಯ ಈ ಎರಡು ಕೋಣೆಯ ಮನೆಯಲ್ಲಿ ನಾನೂ ಒಬ್ಬಳೇ ಕೂತು ಕಣ್ಣೊರೆಸಿಕೊಂಡೆ. ನೋಡುವವರು ಯಾರೂ ಇಲ್ಲದ್ದು ಒಳ್ಳೆಯದೇ ಆಯಿತು. ಮೂವತ್ತಾರು ವರ್ಷ ಮಕ್ಕಳನ್ನು ಅಳಿಸಿದ ಟೀಚರು ಅತ್ತಳು ಎಂದರೆ ಊರು ನಗುತ್ತದೆ.

ಶೀಲಾ ಹೆರಿಗೆಗೆಂದು ತವರಿಗೆ, ಹಿರೇಕೆರೂರಿಗೆ ಹೋಗಿದ್ದಾಳೆ. ತಾಯಿ, ಕೂಸು ಇಬ್ಬರೂ ಆರಾಮ. ಮದುವೆಯಾಗಿ ಹತ್ತು ವರ್ಷಕ್ಕೆ ಈ ದಿನ ಬಂತು. ಐದು ವರ್ಷದ ಹಿಂದೆ ಒಂದು ಗಂಡು ಹುಟ್ಟಿ ಹನ್ನೊಂದು ದಿನಕ್ಕೆ ಹೋಯಿತು. ಆ ಮಾತು ಇವತ್ತು ಬೇಡ.

ಹದಿಮೂರನೆಯ ದಿನ ತೊಟ್ಟಿಲ ಕಾರ್ಯ. ಲೆಕ್ಕ ಹಾಕಿದೆ, ಮೂವತ್ತನೆಯ ತಾರೀಖು, ರವಿವಾರ ಬರುತ್ತದೆ. ಕೂಸಿನ ಕಿವಿಯಲ್ಲಿ ಹೆಸರು ಹೇಳುವುದು ಸೋದರತ್ತೆಯ ಹಕ್ಕು. ಎಂಥ ಸಾಹುಕಾರನೇ ಇರಲಿ, ಆ ಗಳಿಗೆಯಲ್ಲಿ ಅಕ್ಕತಂಗಿಯರ ಬಾಯಿ ನೋಡುತ್ತ ನಿಲ್ಲಬೇಕು. ಹೆಸರು ನನ್ನ ಬಾಯಲ್ಲಿ ಸಿದ್ಧವಾಗಿದೆ. ನೀಲಗಂಗಾ. ನಮ್ಮ ಅವ್ವ ನೀಲಗಂಗವ್ವ ಸತ್ತು ನಲವತ್ತೆರಡು ವರ್ಷ. ಅವಳದೊಂದು ಫೋಟೋ ಕೂಡ ಇಲ್ಲ. ಹೆಸರಾದರೂ ಇರಲಿ.

ಪಕ್ಕದ ಮನೆಯ ಗೌಸಬಿಗೆ ಸಕ್ಕರೆ ಕೊಟ್ಟು ಬಂದೆ. “ಹೆಸರ ಏನಿಡ್ತೀರಿ ಅಕ್ಕೋರ?” ಎಂದಳು. ಊರಿಗೆಲ್ಲ ನಾನು ಸರೋಜಾ ಅಕ್ಕೋರು, ಟೀಚರಿಕೆ ಬಿಟ್ಟರೂ ಅಕ್ಕೋರು ಬಿಟ್ಟಿಲ್ಲ. “ಹದಿಮೂರನೇ ದಿನಕ್ಕ ಗೊತ್ತಾಕ್ಕೈತಿ,” ಎಂದೆ. ಅದಕ್ಕೂ ಮೊದಲು ಹೆಸರು ಬಾಯಿಗೆ ತಂದರೆ ಕೂಸಿಗೆ ಒಳ್ಳೆಯದಲ್ಲ ಎಂದು ಅವ್ವ ಹೇಳುತ್ತಿದ್ದಳು.

೨೫ ಜೂನ್ ೨೦೨೪

ಮೃತ್ಯುಂಜಯ ಬಂದಿದ್ದ. ಕುಳಿತವನು ಚಹಾ ಮುಟ್ಟದೆ ಕಾಲಿನ ಹೆಬ್ಬೆರಳು ನೋಡುತ್ತಿದ್ದ. ಚಿಕ್ಕವನಿದ್ದಾಗ ಬರೆಯುವ ಪಾಟಿ ಒಡೆದುಕೊಂಡು ಬಂದರೆ ಹೀಗೆಯೇ ಕೂರುತ್ತಿದ್ದ.

“ಅಕ್ಕಾ, ಹೆಸರೊಂದು ನಾವ ಇಟ್ಕೊಂಡೇವಿ. ನೀ ಕಿವ್ಯಾಗ ಅದನ್ನ ಅಂದ್ಬಿಡು.”

“ಏನ ಹೆಸರು?”

“ನಿವಾಂಶಿ.”

“ಅದೇನು ಗುಳಿಗಿ ಹೆಸರೇನು? ದಿನಕ್ಕ ಎರಡು, ಊಟ ಆದ ಮ್ಯಾಲೆ?”

ನಗುತ್ತಾನೆಂದುಕೊಂಡೆ. ನಗಲಿಲ್ಲ.

ನಾನು ಹಾಜರಿ ಕರೆದು ಸವೆದವಳು. ಹಾನಗಲ್ಲಿನ ಶಾಲೆಗೆ ಸೇರಿದಾಗ ನನ್ನ ವರ್ಗದಲ್ಲಿ ನಾಲ್ಕು ಬಸವ್ವ, ಮೂರು ಫಕೀರವ್ವ, ಇಬ್ಬರು ರಮಜಾನಬಿ. ಹೆಸರು ಕೂಗಿದರೆ ಅಜ್ಜಿಯರೇ ಎದ್ದು ನಿಂತಂತೆ ಆಗುತ್ತಿತ್ತು. ಆಮೇಲೆ ಸವಿತಾ, ಕವಿತಾ, ಸುನೀತಾ ಬಂದರು, ಹಿಂದಿನಿಂದ ಪೂಜಾ, ಸ್ನೇಹಾ. ನಿವೃತ್ತಿಯ ಹೊತ್ತಿಗೆ ಸಾನ್ವಿ, ಮನ್ವಿ, ಧನ್ವಿಕಾ. ಎಲ್ಲರ ಹೆಸರೂ ವಿ, ಶಿ, ಕಾ ಎಂದೇ ಮುಗಿಯುತ್ತಿತ್ತು. ಒಬ್ಬಳನ್ನು ಕರೆದರೆ ಮೂವರು ಹಾಜರ್ ಅನ್ನುತ್ತಿದ್ದರು. ಅರ್ಥ ಕೇಳಿದರೆ ತಾಯಂದಿರು ಮೊಬೈಲು ತೆಗೆಯುತ್ತಿದ್ದರು.

“ಅರ್ಥ ಏನು?” ಎಂದು ಇವನನ್ನೂ ಕೇಳಿದೆ.

“ಐತಿ ಅಕ್ಕಾ. ಈಗ ಬ್ಯಾಡ, ಮುಂದ ಹೇಳ್ತೇನಿ. ಶೀಲಾಂದು ಭಾಳ ಮನಸೈತಿ. ಇದೊಂದ ಮಾತು ನಡಸಿಕೊಡು.”

ಸಾಕಿದ ಅಕ್ಕನ ಮುಂದೆ ಹೇಳಲಾರದ ಅರ್ಥ ಎಂಥದು? ಇದೆಲ್ಲ ಆ ಹಿರೇಕೆರೂರಿನವಳ ಕಾರಭಾರ. ಅವನು ಹೋದ ಮೇಲೆ ನಿಘಂಟು ತೆಗೆದು ನೋಡಿದೆ. ಅಂಶ ಎಂದರೆ ಪಾಲು, ಅದು ಗೊತ್ತೇ ಇದೆ. ಅದರ ಮೊದಲಿಗಿರುವ ‘ನಿವ’ ನನ್ನ ನಿಘಂಟಿನಲ್ಲಿಲ್ಲ. ತಲೆಬುಡವಿಲ್ಲದ ಹೆಸರು.

ನೋಡೋಣ ಎಂದಿದ್ದೆ ಅವನಿಗೆ. ಹೂಂ ಎಂದಿಲ್ಲ.

೧ ಜುಲೈ ೨೦೨೪

ನಿನ್ನೆ ನಡೆದದ್ದನ್ನು ಬರೆದಿಡಬೇಕು. ನಾಳೆ ಯಾರಾದರೂ ಉಪ್ಪು ಖಾರ ಹಚ್ಚಿ ಹೇಳಿದರೆ ನನ್ನದೂ ಒಂದು ಮಾತು ಇರಲಿ.

ಹೆಂಗಸರಿಗೆ ಪುಕ್ಕಟೆ ಕೊಡುವ ಸೊನ್ನೆ ಟಿಕೇಟಿನಲ್ಲಿ ಹಾನಗಲ್ಲಿಗೆ ಹೋಗಿ, ಇನ್ನೊಂದು ಸೊನ್ನೆ ಟಿಕೇಟಿನಲ್ಲಿ ಹಿರೇಕೆರೂರು ಮುಟ್ಟಿದೆ. ಬೀಗರ ಮನೆ ತುಂಬ ಹೆಂಗಸರು. ಅಯ್ಯನವರು ಬಂದು ಕೂಸಿಗೆ ಲಿಂಗ ಕಟ್ಟಿ ಹೋಗಿದ್ದರು. ತೊಟ್ಟಿಲ ಹಿಂದಿನ ಗೋಡೆಗೆ ಬಲೂನು ಹಚ್ಚಿ, ನಡುವೆ ಥರ್ಮಾಕೋಲಿನ ಗುಲಾಬಿ ಅಕ್ಷರಗಳಲ್ಲಿ ಆ ಹೆಸರು ಅಂಟಿಸಿದ್ದರು. ಸೋದರತ್ತೆ ಬಾಯಿ ತೆರೆಯುವ ಮೊದಲೇ ಗೋಡೆ ಹೆಸರಿಟ್ಟುಬಿಟ್ಟಿತ್ತು. ನನಗೆ ಮೈ ಉರಿಯಿತು. ಹಾಗಾದರೆ ನನ್ನನ್ನು ಕರೆದದ್ದು ಗುಗ್ಗರಿ ತಿನ್ನುವುದಕ್ಕೇನು?

ಅಷ್ಟಾದರೂ ಸುಮ್ಮನಿರುತ್ತಿದ್ದೆನೇನೋ. ಕೂಸನ್ನು ನೋಡಿದೆ. ಹಣೆ ಅವ್ವನದೇ, ಹುಬ್ಬಿನ ನಡುವಿನ ಗೆರೆಯೂ ಅವಳದೇ. ನನ್ನ ಎದೆ ತುಂಬಿ ಬಂತು.

ಹೆಂಗಸರು ತೊಟ್ಟಿಲ ಕೆಳಗಿಂದ ಮೇಲಿಂದ ಕೂಸನ್ನು ದಾಟಿಸಿದರು, ಜೋಗುಳ ಹೇಳಿದರು. ನನ್ನನ್ನು ಕರೆದರು. ಬಗ್ಗಿ ಕಿವಿಗೆ ಬಾಯಿ ಹಚ್ಚಿ ಕುರ್ರ್ ಎಂದೆ. ಬೆನ್ನ ಮೇಲೆ ಧಬಧಬ ಗುದ್ದು ಬಿದ್ದವು. ಸೋದರತ್ತೆ ಹೆಸರು ಹೇಳುವಾಗ ಬೆನ್ನಿಗೆ ಗುದ್ದುವುದು ನಮ್ಮ ಪದ್ಧತಿ, ಆ ಗುದ್ದಿಗಾಗಿ ನಾನು ಹತ್ತು ವರ್ಷ ಕಾದಿದ್ದೆ. ನೀಲಗಂಗಾ ಎಂದೆ. ಮತ್ತೊಮ್ಮೆ ಎಂದೆ. ಮೂರನೆಯ ಸಲ ಎಲ್ಲರಿಗೂ ಕೇಳುವ ಹಾಗೆ ಎಂದೆ. ಗುದ್ದು ನಿಂತವು.

“ಏನಂದ್ರಿ?” ಎಂದರು ಶೀಲಾಳ ತಾಯಿ.

“ನೀಲಗಂಗಾ. ನಮ್ಮ ಅವ್ವನ ಹೆಸರು.”

“ಗ್ವಾಡಿ ಮ್ಯಾಲೆ ಬ್ಯಾರೆ ಐತೆಲ್ರಿ,” ಎಂದು ಹಿಂದಿನಿಂದ ಯಾರೋ ಅಂದರು.

“ಗ್ವಾಡಿ ಹೆಸರ ಇಡೂದಿಲ್ಲ, ಸ್ವಾದರತ್ತಿ ಇಡ್ತಾಳ.”

ಕೆಲವರು ನಕ್ಕರು. ಮಾತು ಚೆನ್ನಾಗಿಯೇ ಬಂತು ಎಂದು ಈಗಲೂ ಅನ್ನಿಸುತ್ತದೆ. ಶೀಲಾ ಮಾತ್ರ ನಗಲಿಲ್ಲ. ಎದ್ದು ಬಂದು ಕೂಸನ್ನು ತೊಟ್ಟಿಲಿನಿಂದ ಎತ್ತಿಕೊಂಡಳು. “ಹತ್ತ ವರ್ಷದಾಗ ಒಂದ ಮಾತು ಕೇಳಿದ್ವಿ ಅಕ್ಕಾ ನಿಮಗ. ಒಂದ,” ಎಂದು ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಮೃತ್ಯುಂಜಯ ಗೋಡೆಯ ಕಡೆ ಮುಖ ಮಾಡಿ ನಿಂತಿದ್ದ.

ಊಟಕ್ಕೆ ಕೂತೆ. ಹೋಳಿಗೆ ಬಡಿಸಿದರು. ಯಾರೂ ಇನ್ನೊಂದು ಹಾಕಿಸಿಕೊಳ್ಳಿ ಎನ್ನಲಿಲ್ಲ.

೪ ಜುಲೈ ೨೦೨೪

ಮೃತ್ಯುಂಜಯನ ಫೋನು. “ಅಕ್ಕಾ, ಸ್ವಲ್ಪ ದಿನ ಹಿರೇಕೆರೂರ ಕಡೆ ಬರಬ್ಯಾಡ.” ಜೋರು ಮಾಡಲಿಲ್ಲ. ಜೋರು ಮಾಡಿದ್ದರೆ ನಾನೂ ನಾಲ್ಕು ಮಾತು ಅನ್ನಬಹುದಿತ್ತು.

ನಾನೇನು ತುದಿಗಾಲಲ್ಲಿ ನಿಂತಿಲ್ಲ.

೨೮ ಜುಲೈ ೨೦೨೪

ಮಳೆ. ಮೂರು ಸಲ ಫೋನು ಬಡಿದುಕೊಂಡಿತು. ಮೂರೂ ಸಲ ಸಾಲ ಬೇಕೇನ್ರಿ ಎನ್ನುವ ಬ್ಯಾಂಕಿನ ಹುಡುಗಿ. ಮೂರನೆಯ ಸಲ ಅವಳ ಹೆಸರು ಕೇಳಿದೆ. ಹೆದರಿ ಇಟ್ಟುಬಿಟ್ಟಳು.

೯ ಆಗಸ್ಟ್ ೨೦೨೪

ಪಂಚಮಿ. ಶೇಂಗಾದ ಉಂಡಿ, ಎಳ್ಳಿನ ಉಂಡಿ, ಗುಳ್ಳಡಕಿ ಉಂಡಿ ಮಾಡಿಟ್ಟುಕೊಂಡು ಕೂತೆ. ಪಂಚಮಿಗೆ ಅಣ್ಣತಮ್ಮಂದಿರು ಹೆಣ್ಣುಮಕ್ಕಳನ್ನು ಕರೆಯಲು ಬರುತ್ತಾರೆ. ಮೃತ್ಯುಂಜಯ ಒಂದು ವರ್ಷವೂ ತಪ್ಪಿಸಿದವನಲ್ಲ. ಕಾಲು ಮುರಿದ ವರ್ಷವೂ ಇನ್ನೊಬ್ಬರ ಗಾಡಿಯ ಹಿಂದೆ ಕೂತು ಬಂದಿದ್ದ. ಈ ಸಲ ಬರಲಿಲ್ಲ.

ಮಧ್ಯಾಹ್ನ ಗೌಸಬಿ ಬಂದಳು. “ತಮ್ಮಾ ಬರಲಿಲ್ಲೇನ್ರಿ?” ಎಂದು ಕೇಳಿ, ನನ್ನ ಮುಖ ನೋಡಿ, ಉತ್ತರಕ್ಕೆ ಕಾಯದೆ ಉಂಡಿ ತೆಗೆದುಕೊಂಡಳು. “ಉಂಡಿ ಭಾಳ ಬಿರಸಾಗ್ಯಾವ ನೋಡ್ರಿ,” ಎಂದು ನಗಿಸಲು ನೋಡಿದಳು. ಹಲ್ಲು ಅವಳವೇ ಸರಿಯಿಲ್ಲ.

ಅವ್ವ ಹೋದಾಗ ನನಗೆ ಇಪ್ಪತ್ತು, ಅವನಿಗೆ ಐದು. ಅವನನ್ನು ಬಗಲಲ್ಲಿಟ್ಟುಕೊಂಡು ಟೀಚರ್ ಟ್ರೇನಿಂಗ್ ಓದಿದೆ. ನೋಡಲು ಬಂದ ಗಂಡುಗಳಿಗೆ, ತಮ್ಮನೂ ಜೊತೆಗೆ ಬರುತ್ತಾನೆ ಎಂದೆ. ಎದ್ದು ಹೋದರು. ನನಗೆ ಬೇಸರವಾಗಲಿಲ್ಲ. ಈಗ ಅವನ ಮಗಳಿಗೆ ಅವನ ಅವ್ವನ ಹೆಸರಿಟ್ಟದ್ದು ತಪ್ಪಾಯಿತಂತೆ. ಅವ್ವನ ಮುಖ ಅವನಿಗೆ ನೆನಪಿಲ್ಲ, ನನಗಿದೆ. ಇಷ್ಟೇ ನನ್ನ ತಪ್ಪು.

ಉಂಡಿ ಡಬ್ಬಿ ತುಂಬ ಉಳಿದಿವೆ.

೨೨ ಸೆಪ್ಟೆಂಬರ್ ೨೦೨೪

ಬರೆಯುವುದೋ ಬೇಡವೋ ತಿಳಿಯದು. ಬರೆಯುತ್ತೇನೆ.

ಹನ್ನೊಂದರ ಹೊತ್ತಿಗೆ ಬಾಗಿಲಲ್ಲಿ ಒಬ್ಬಳು ಬಂದು ನಿಂತಳು. “ಅಕ್ಕೋರ, ಗುರ್ತ ಸಿಕ್ಕಿತೇನ್ರಿ? ಮಹೆಕ ರೀ. ಹಾನಗಲ್ಲಾಗ ಏಳನೇತ್ತಾ ನಿಮ್ಮ ಕೈಯಾಗ ಕಲ್ತೇನಿ.” ಗುರುತು ಸಿಗದೆ ಏನು. ಕನ್ನಡ ಪದ್ಯವನ್ನು ಒಂದೇ ಉಸಿರಿಗೆ ಹೇಳಿ ಮುಗಿಸುತ್ತಿದ್ದ ಹುಡುಗಿ. ಮುಂದೆ ನರ್ಸ್ ಆದಳು. ಐದು ವರ್ಷದ ಹಿಂದೆ ಹುಬ್ಬಳ್ಳಿಯ ಆಸ್ಪತ್ರೆಯಲ್ಲಿ ಮೃತ್ಯುಂಜಯನ ಆ ಗಂಡು ಕೂಸನ್ನು ಗಾಜಿನ ಪೆಟ್ಟಿಗೆಯಲ್ಲಿ ಇಟ್ಟಾಗ ಅದೇ ವಾರ್ಡಿನಲ್ಲಿ ಇದ್ದವಳು. ಈಗ ಶಿಗ್ಗಾಂವಿಗೇ ಕೆಲಸಕ್ಕೆ ಬಂದಿದ್ದಾಳಂತೆ. ಸವಣೂರಿನ ಖಾರದ ಪೊಟ್ಟಣ ತಂದಿದ್ದಳು.

“ನಿವಾಂಶಿ ಹೆಂಗದಾಳ್ರಿ? ಮೃತ್ಯುಂಜಯಣ್ಣಾರು ಫೋಟೋ ಕಳಿಸಿದ್ರು. ಹೆಸರ ಓದಿ ನನಗ ಕಣ್ಣಾಗ ನೀರ ಬಂದ್ವು ನೋಡ್ರಿ.”

“ಯಾಕವಾ? ಅಂಥಾದ್ದೇನೈತಿ ಅದರಾಗ?”

“ಅಯ್ಯ, ನಿಮಗ ಹೇಳಿಲ್ಲೇನ್ರಿ?”

ಅವಳು ಹೇಳಿದ್ದನ್ನು ಹೇಳಿದ ಹಾಗೆಯೇ ಬರೆಯುತ್ತೇನೆ.

“ಹನ್ನೊಂದನೇ ದಿನ ಮುಂಜಾನೆ ಡಾಕ್ಟರು ಅಣ್ಣಾರನ್ನ, ಶೀಲಕ್ಕನ್ನ ಒಳಗ ಕರದ್ರು. ಕೂಸಿನ ಹಂತ್ಯಾಕ ಕುಂದರ್ರಿ ಅಂದ್ರು. ಅಂದ್ರ ಇನ್ನ ಆಗೂದಿಲ್ಲ ಅಂತ. ಕೂಸಿನ ಕೈಗೆ ಕಟ್ಟಿದ ಪಟ್ಟಿ ಮ್ಯಾಲೆ ‘ಶೀಲಾ ಅವರ ಮಗು’ ಅಂತಷ್ಟ ಇತ್ರಿ. ನಾ ಕೇಳಿದೆ, ಅಣ್ಣಾರ, ಹೆಸರೇನ್ರಿ, ಹೆಸರ ಹಿಡದು ದುವಾ ಮಾಡ್ತೇನಿ ಅಂತ. ಅವರು, ಹೆಸರ ಇಟ್ಟಿಲ್ಲವಾ, ಅಕ್ಕ ಇಡ್ತಾಳ ಹದಿಮೂರಕ್ಕ, ಅಂದ್ರು. ಅಂದವರ ಕೂಸಿನ ಮಾರಿ ನೋಡಿದ್ರು. ಸ್ವಲ್ಪ ಹೊತ್ತ ಬಿಟ್ಟು ‘ನಿವ’ ಅಂದ್ರು.”

“ನಿವ?”

“ನಿವ. ಯಾಕಂದ್ರೋ ಅವರಿಗೂ ಗೊತ್ತಿಲ್ರಿ. ಬಾಯಿಗೆ ಬಂದದ್ದು. ಮೊದಲ ಒಂದ ಹೆಸರರ ಯೋಚನಿ ಮಾಡಿಟ್ಟಿದ್ರ ಅದನ್ನ ಹೇಳ್ತಿದ್ರು, ಮಾಡಿರಲಿಲ್ಲ. ಶೀಲಕ್ಕ ಅದನ್ನ ಹಿಡದು ನಿವಾ, ನಿವಾ ಅಂತ ಕರದ್ಲು. ಮುಂದ ಒಂದ ತಾಸು ಇತ್ರಿ ಕೂಸು. ಆ ಒಂದ ತಾಸು ಪೂರ್ತಿ ಕರದ್ಲು. ನಾನೂ ಅದ ಹೆಸರ್ಲೆ ದುವಾ ಮಾಡಿದೆ. ಈಗ ಮಗಳಿಗೆ ನಿವನ ಅಂಶ ಅಂತ ನಿವಾಂಶಿ. ಹೆಂಗ ಚಂದ ಜೋಡಿಸ್ಯಾರಲ್ರಿ?”

“ಚಂದ ಐತಿ,” ಎಂದೆ.

ತೊಟ್ಟಿಲ ದಿನ ಏನಾಯಿತೆಂದು ಅವಳು ಕೇಳಿದಳು. ಚೆನ್ನಾಗಿ ಆಯಿತು ಎಂದೆ. ಅವಳು ಹೋದ ಮೇಲೆ ಲೋಟ ತೊಳೆಯುವಾಗ ಗೊತ್ತಾಯಿತು, ಚಹಾಕ್ಕೆ ಸಕ್ಕರೆ ಹಾಕಿರಲಿಲ್ಲ. ಪಾಪ, ಸುಮ್ಮನೆ ಕುಡಿದು ಹೋಗಿದ್ದಾಳೆ.

೨೩ ಸೆಪ್ಟೆಂಬರ್ ೨೦೨೪

ಆ ಗಂಡು ಕೂಸಿನ ಹತ್ತನೆಯ ದಿನ. ಅದು ಮರೆತೇ ಹೋಗಿತ್ತು ಎಂದು ಬರೆದರೆ ಸುಳ್ಳಾಗುತ್ತದೆ. ನೆನಪು ಮಾಡಿಕೊಂಡಿರಲಿಲ್ಲ.

ಆಸ್ಪತ್ರೆಯ ಮೆಟ್ಟಿಲ ಮೇಲೆ ಕೂತು ಬುತ್ತಿ ಬಿಚ್ಚುತ್ತಿದ್ದೆ. ಮೃತ್ಯುಂಜಯ ಬಂದು ಪಕ್ಕದಲ್ಲಿ ಕೂತ. “ಅಕ್ಕಾ, ಒಳಗ ಬಂದು ಕೂಸಿನ ಕಿವ್ಯಾಗ ಒಂದ ಹೆಸರ ಅಂದ್ ಹೋಗ್ತೀಯೇನು? ಯಾವುದರ ಆಗ್ಲಿ.” ನಾನು ಬೈದೆ. “ಹುಚ್ಚಾ, ಹದಿಮೂರನೇ ದಿನದ ಕೆಲಸ ಹತ್ತನೇ ದಿನಕ್ಕ ಮಾಡ್ತಾರೇನು? ಅಪಶಕುನ ಆಡಬ್ಯಾಡ. ಇನ್ನ ಮೂರ ದಿನ ತಡಿ, ಮನ್ಯಾಗ ತೊಟ್ಟಿಲ ಕಟ್ಟಿ ಇಡೂಣು.” ಅವನು ಎರಡನೆಯ ಸಲ ಕೇಳಲಿಲ್ಲ. ನಾನು ಕೊಟ್ಟ ರೊಟ್ಟಿ ತಿಂದ.

ಅವನಿಗೆ ಗೊತ್ತಾಗಿತ್ತು. ಡಾಕ್ಟರು ಹೇಳುವ ಮೊದಲೇ ಅವನಿಗೆ ಗೊತ್ತಾಗಿತ್ತು. ನನಗೆ ಶಾಸ್ತ್ರ ಗೊತ್ತಿತ್ತು.

ಮಣ್ಣು ಮಾಡಿ ಬಂದ ಮೇಲೆ ಶೀಲಾಳ ತಲೆ ಸವರುತ್ತ ಅಂದೆ: “ಹೆಸರ ಇಡದ ಕೂಸು ಎಣಿಕಿಗೆ ಬರೂದಿಲ್ಲವಾ. ಮರತ ಬಿಡು.” ಸಮಾಧಾನ ಹೇಳುತ್ತಿದ್ದೇನೆ ಎಂದುಕೊಂಡಿದ್ದೆ. ಅವಳು ತಲೆ ಆ ಕಡೆ ಸರಿಸಿದಳು. ಅಂದಿನಿಂದ ನನ್ನ ಹತ್ತಿರ ಮಾತು ಕಡಿಮೆ ಮಾಡಿದಳು. ಹಿರೇಕೆರೂರಿನವರಿಗೆ ಸೊಕ್ಕು ಎಂದು ನಾನು ಗೌಸಬಿಯ ಮುಂದೆ ಎಷ್ಟು ಸಲ ಆಡಿಕೊಂಡೆನೋ.

ನನಗೆ ನನ್ನ ಮೇಲೆ ಅಸಹ್ಯವಾಗಿದೆ. ಇದಕ್ಕಿಂತ ಬೇರೆ ಮಾತು ಸಿಗುತ್ತಿಲ್ಲ.

೨೭ ಸೆಪ್ಟೆಂಬರ್ ೨೦೨೪

ನಾಲ್ಕು ದಿನದಿಂದ ಹಳೆಯ ಹಾಜರಿಯೇ ತಲೆಯಲ್ಲಿ ಓಡುತ್ತಿದೆ. ಎಷ್ಟು ಹೆಸರು ಕರೆದೆ, ಒಂದನ್ನಾದರೂ ಕೇಳಿಸಿಕೊಂಡೆನೇ?

ತಿಪ್ಪವ್ವ ಎಂಬ ಹುಡುಗಿ ಇದ್ದಳು. ತಿಪ್ಪೆ ಎಂಬ ಹೆಸರು ಯಾವ ತಾಯಿ ಇಡುತ್ತಾಳೆ ಎಂದು ಹೊಸದರಲ್ಲಿ ನಗು ಬರುತ್ತಿತ್ತು. ಮೇಲಿನ ಮಕ್ಕಳು ಉಳಿಯದಿದ್ದಾಗ, ಇದು ತಿಪ್ಪೆಯಲ್ಲಿ ಸಿಕ್ಕ ಕೂಸು, ನಮಗೆ ಬೇಕಾದದ್ದಲ್ಲ ಎಂದು ಸಾವಿನ ಕಣ್ಣಿಗೆ ಮಣ್ಣೆರಚಲು ಇಟ್ಟ ಹೆಸರು ಅದು. ಕಲ್ಲವ್ವ, ಗುಂಡವ್ವ ಎಲ್ಲ ಅದೇ ಸಾಲು. ಲಿಂಗಾಯತರ ಮನೆಯ ಫಕೀರವ್ವಂದಿರು ಹುಲಗೂರಿನ ದರ್ಗಾಕ್ಕೆ ಹರಕೆ ಹೊತ್ತ ಮೇಲೆ ಉಳಿದವರು. ನಿಘಂಟು ಹಿಡಿದು ಅವುಗಳ ಅರ್ಥ ಹುಡುಕಿದರೆ ತಿಪ್ಪೆ, ಕಲ್ಲು, ಗುಂಡು ಎಂದೇ ಸಿಗುತ್ತದೆ. ಇಟ್ಟವರ ಮನೆಯಲ್ಲಿ ಕೇಳಿದರೆ ಬೇರೆಯೇ ಸಿಗುತ್ತದೆ.

ನಿವಾಂಶಿಯೂ ಅದೇ ಸಾಲಿನ ಹೆಸರು. ಬಟ್ಟೆ ಮಾತ್ರ ಹೊಸದು. ಅಷ್ಟು ಓದಿಸಿದ ನನಗೆ ಇದು ತಿಳಿಯಲಿಲ್ಲ.

೧೨ ಅಕ್ಟೋಬರ್ ೨೦೨೪

ಬನ್ನಿ ಹಬ್ಬ. ಪತ್ರ ಬರೆದು ಹರಿದೆ, ಫೋನು ಹಿಡಿದು ಇಟ್ಟೆ. ಇವತ್ತು ಬನ್ನಿ ಕೊಡುವ ನೆವದಲ್ಲಿ ಹತ್ತಿಮತ್ತೂರಿಗೆ ಹೋದೆ. ಬನ್ನಿ ಕೊಡಲು ಬಂದವರನ್ನು ಹಗೆಯವರೂ ತಿರುಗಿ ಕಳಿಸುವುದಿಲ್ಲ.

ಮೃತ್ಯುಂಜಯ ಅಂಗಡಿಯ ಮೋಟಾರುಗಳಿಗೆ ಪೂಜೆ ಮಾಡಿ ಬಾಗಿಲಲ್ಲಿ ಕೂತಿದ್ದ. ಶೀಲಾ ಇನ್ನೂ ತವರಿನಿಂದ ಬಂದಿಲ್ಲ. ಬನ್ನಿ ಕೊಟ್ಟೆ. “ಬಂಗಾರದಂಗ ಇರೂಣು,” ಎಂದು ಅನ್ನಬೇಕು. ಅದನ್ನೂ ಮರೆತೆ. ಅವನು ಬಗ್ಗಿ ಕಾಲು ಮುಟ್ಟಿದ. ಅದನ್ನು ಮಾತ್ರ ನಾನು ಎಣಿಸಿರಲಿಲ್ಲ.

“ಮಹೆಕ ಬಂದಿದ್ಲು,” ಎಂದೆ.

“ಹೇಳಿದ್ಲು ನನಗ.”

“ನೀನ ಯಾಕ ಹೇಳಲಿಲ್ಲೊ? ಅವತ್ತ ಚಹಾ ಬಿಟ್ಟು ಕುಂತಿದ್ದಿ, ಅವತ್ತ ಹೇಳಬೇಕಿತ್ತಿಲ್ಲ?”

“ಹೆಂಗ ಹೇಳ್ಲಿ ಅಕ್ಕಾ? ಹೇಳಿದ್ರ ಆ ಮೆಟ್ಟಿಲ ಮ್ಯಾಲಿನ ಮಾತೂ ಹೇಳಬೇಕಾಕ್ಕಿತ್ತು. ನಿನಗ ಕೆಟ್ಟ ಅನಸ್ತೈತಿ ಅಂತ ಬಿಟ್ಟೆ.”

ನನಗೆ ಕೆಟ್ಟ ಅನ್ನಿಸಬಾರದೆಂದು. ಅದನ್ನು ಕೇಳಿ ಅಲ್ಲಿಯೇ ತಂತಿಯ ಸುರುಳಿಗಳ ನಡುವೆ ಕೂತುಬಿಟ್ಟೆ. ತಪ್ಪಾಯಿತು ಎಂದೆ. “ನನಗ ಬ್ಯಾಡ ಅಕ್ಕಾ,” ಎಂದ. “ನಾ ಸಿಟ್ಟಾಗಿಲ್ಲ. ಶೀಲಾಗ ಹೇಳಬೇಕು. ಆದರ ಆಕಿ ಈಗ ಬ್ಯಾಡ ಅಂತಾಳ. ನಾ ಜುಲುಮಿ ಮಾಡೂದಿಲ್ಲ.”

ನಾನು ಬಂದು ಹೋದ ಮೇಲೆ ಕೂಸಿಗೆ ಎರಡನೆಯ ಸಲ ಹೆಸರಿಟ್ಟರಂತೆ, ನಿವಾಂಶಿ ಎಂದು. ಯಾರನ್ನೂ ಕರೆಯಲಿಲ್ಲವಂತೆ. ಸೋದರತ್ತೆ ಹೇಳಬೇಕಾದದ್ದನ್ನು ತಾಯಿಯೇ ಕಿವಿಯಲ್ಲಿ ಹೇಳಿದಳಂತೆ. “ಬೆನ್ನಿಗೆ ಗುದ್ದಾಕ ಯಾರೂ ಇರಲಿಲ್ಲ, ನಾ ಒಂದ ಗುದ್ದಿದೆ ಸಣ್ಣಂಗ,” ಎಂದು ನಗಲು ನೋಡಿದ.

೧೮ ನವೆಂಬರ್ ೨೦೨೪

ನಿವಾಂಶಿಗೆ ಇವತ್ತು ಐದು ತಿಂಗಳು. ಹತ್ತಿಮತ್ತೂರಿಗೆ ಬಂದಿದ್ದಾಳೆ. ಬಸ್ಸು ಹತ್ತಿದರೆ ನಾನೂ ಮಧ್ಯಾಹ್ನದ ಊಟದ ಹೊತ್ತಿಗೆ ಅಲ್ಲಿರಬಹುದು. ಶೀಲಾ ಇನ್ನೂ ಬ್ಯಾಡ ಅಂತಾಳ ಅಕ್ಕಾ ಎಂದು ಫೋನು ಬಂತು. ಆಗಲಿ ಎಂದೆ. ಆಗಲಿ ಎನ್ನುವ ಮಾತು ಈಚೆಗೆ ನನ್ನ ಬಾಯಲ್ಲಿ ಬಹಳ ಬರುತ್ತಿದೆ.

೧೫ ಜನವರಿ ೨೦೨೫

ನಿವಾಂಶಿ ಕೂರಿಸಿದರೆ ಕೂರುತ್ತಾಳಂತೆ. ಕೆಳಗಿನ ಎರಡು ಹಲ್ಲು ಬಂದಿವೆಯಂತೆ. ಸಜ್ಜಿ ರೊಟ್ಟಿ ಚೂರು ಕೊಟ್ಟರೆ ಬಿಡುವುದೇ ಇಲ್ಲವಂತೆ. ಎಲ್ಲ ಅಂತೆ.

ಸಂಕ್ರಮಣಕ್ಕೆ ಎಳ್ಳು ಬೆಲ್ಲ ಕಳಿಸಲೇ ಎಂದು ಕೇಳಿದೆ. ಬ್ಯಾಡ ಎನ್ನಲಿಲ್ಲ ಅವನು, ಹೂಂ ಎನ್ನಲೂ ಇಲ್ಲ. ಕಳಿಸಲಿಲ್ಲ.

೧೧ ಮೇ ೨೦೨೫

ಹಾನಗಲ್ಲಿನಲ್ಲಿ ಮಹೆಕಳ ತಮ್ಮ ಮುಬಶೀರನ ಮದುವೆ. ಕರೆದಿದ್ದಳು, ಹೋದೆ. ಹೆಂಗಸರ ಊಟದ ಸಾಲಿನಲ್ಲಿ ತಟ್ಟನೆ ಶೀಲಾ ಕಂಡಳು. ಅವಳನ್ನೂ ಮಹೆಕ ಕರೆದಿದ್ದಾಳೆ, ಕರೆಯದೆ ಇರುತ್ತಾಳೆಯೇ. ಬಗಲಲ್ಲಿ ಹಳದಿ ಅಂಗಿ. ಹಿಂದಿನಿಂದ ತಲೆ ಮಾತ್ರ ಕಾಣುತ್ತಿತ್ತು, ಗುಂಗುರು ಕೂದಲು. ಮೃತ್ಯುಂಜಯನದೂ ಹಾಗೆಯೇ ಇತ್ತು.

ನಾನು ಏನು ಮಾಡಿದೆ? ಕಂಬದ ಹಿಂದೆ ಸರಿದು ನಿಂತೆ. ಮೂವತ್ತಾರು ವರ್ಷ ಯಾರಿಗೂ ಹೆದರದ ಸರೋಜಾ ಅಕ್ಕೋರು ಹತ್ತು ತಿಂಗಳ ಕೂಸಿಗೆ ಹೆದರಿ ಕಂಬದ ಹಿಂದೆ ನಿಂತರು. ಊಟ ಮಾಡದೆ ಬಸ್ಸು ಹತ್ತಿದೆ. ಕೂಸು ಒಮ್ಮೆಯಾದರೂ ಈ ಕಡೆ ತಿರುಗಿದ್ದರೆ ಮುಖ ಕಾಣುತ್ತಿತ್ತು.

೧೯ ಜೂನ್ ೨೦೨೫

ನಿನ್ನೆಗೆ ಒಂದು ವರ್ಷ ತುಂಬಿತು. ಇವತ್ತು ಶೀಲಾಳ ಫೋನು. ಅವಳ ದನಿ ಕೇಳಿ ಒಲೆ ಆರಿಸುವುದನ್ನೂ ಮರೆತು ನಿಂತೆ.

“ಮದುವ್ಯಾಗ ನಿಮ್ಮನ್ನ ನೋಡಿದ್ನಿ ಅಕ್ಕಾ. ಕಂಬದ ಹಿಂದ ನಿಂತಿದ್ರಿ.” ಆಗ ಹೋಗಿ ಒಲೆ ಆರಿಸಿದೆ. “ರವಿವಾರ ಗೊಟಗೋಡಿ ರಾಕ್ ಗಾರ್ಡನ್ನಿಗೆ ಬರಾಕತ್ತೇವಿ. ನೀವೂ ಬರ್ರಿ.”

ನಮ್ಮ ಮನೆಗೆ ಬನ್ನಿ ಎನ್ನಲಿಲ್ಲ, ನಿಮ್ಮ ಮನೆಗೆ ಬರುತ್ತೇವೆ ಎಂದೂ ಅನ್ನಲಿಲ್ಲ. ಬರ್ರಿ ಎಂದಳಲ್ಲ, ಸಾಕು.

೨೨ ಜೂನ್ ೨೦೨೫

ಹೋಗಿ ಬಂದೆ.

ಸಿಮೆಂಟಿನ ಎತ್ತು, ಸಿಮೆಂಟಿನ ಬಾವಿ, ಸಿಮೆಂಟಿನ ಹೆಂಗಸರು ಬೀಸುತ್ತ ಕುಟ್ಟುತ್ತ ಕೂತಿದ್ದಾರೆ. ಅವರ ಎದುರಿನ ಕಟ್ಟೆಯ ಮೇಲೆ ಶೀಲಾ ಕೂತಿದ್ದಳು. ಬೈತಲೆಯ ಹತ್ತಿರ ಕೂದಲು ಬೆಳ್ಳಗಾಗಿದೆ. ನನ್ನನ್ನು ಕಂಡು ಮೃತ್ಯುಂಜಯ ಮಗಳನ್ನು ಎತ್ತಿಕೊಂಡು, ಎತ್ತು ತೋರಿಸುತ್ತೇನೆಂದು ಆ ಕಡೆ ಹೋದ. ಬೇಕೆಂದೇ ಹೋದ.

ದಾರಿಯುದ್ದಕ್ಕೂ ಎಷ್ಟು ಮಾತು ಜೋಡಿಸಿಕೊಂಡಿದ್ದೆ. ಒಂದೂ ಬರಲಿಲ್ಲ. “ತಪ್ಪಾತು ಶೀಲಾ. ಎರಡೂ ತಪ್ಪಾತು,” ಎಂದೆ.

“ಎರಡು ಯಾವ್ಯಾವ ಅಕ್ಕಾ?”

ಆಸ್ಪತ್ರೆಯ ಮೆಟ್ಟಿಲಿನದು ಹೇಳಿದೆ. ತೊಟ್ಟಿಲಿನದು ಹೇಳಿದೆ.

“ಮೂರು ಅದಾವ,” ಎಂದಳು. “ಅವ ಎಣಿಕಿಗೆ ಬರೂದಿಲ್ಲ ಅಂದಿದ್ರಿ.”

ನಾನು ತಲೆ ಎತ್ತಲಿಲ್ಲ. ಅವಳು ಸಿಟ್ಟಿನಿಂದ ಅನ್ನುತ್ತಿರಲಿಲ್ಲ. ಸಿಟ್ಟು ಇದ್ದಿದ್ದರೆ ಅಷ್ಟು ಕೆಟ್ಟದೆನಿಸುತ್ತಿರಲಿಲ್ಲ.

“ಆವತ್ತು ನೀವು ಅವನ ಕಿವ್ಯಾಗ ಯಾವ ಹೆಸರ ಅಂದಿದ್ರೂ ನಡೀತಿತ್ರಿ. ಕಲ್ಲಪ್ಪ ಅನ್ರಿ, ತಿಪ್ಪಣ್ಣ ಅನ್ರಿ. ಒಂದ ಹೆಸರ ಅಂದಿದ್ರ ಅದನ್ನ ನಾ ಸಾಯೂತನಕಾ ಇಟ್ಕೊಂತಿದ್ದೆ. ನಮಗ ಹೆಸರ ಹುಡುಕಾಕೂ ಹೊತ್ತಿರಲಿಲ್ಲ. ಇವರು ಏನೋ ಅಂದ್ರು, ನಾ ಅದನ್ನ ಹಿಡಕೊಂಡೆ.”

“ಚಂದ ಹೆಸರವಾ,” ಎಂದೆ. “ನಿವಾಂಶೀನೂ ಚಂದ ಐತಿ.”

ಅವಳು ನನ್ನ ಕಡೆ ಒಮ್ಮೆ ನೋಡಿದಳು. ಬುಟ್ಟಿಯಿಂದ ಚುರುಮುರಿಯ ಡಬ್ಬಿ ತೆಗೆದು ನನ್ನ ಮುಂದೆ ಇಟ್ಟಳು. ಕ್ಷಮಿಸಿದೆ ಎಂದೇನೂ ಅನ್ನಲಿಲ್ಲ. ನಾನು ಕೇಳಲೂ ಇಲ್ಲ.

ಆಗ ಪೀಂ ಪೀಂ ಎನ್ನುವ ಬೂಟು ಹಾಕಿಕೊಂಡು ಕೂಸು ಬಂತು. ನಡೆಯಲು ಕಲಿತು ಎಂಟು ದಿನವಂತೆ. ಎರಡು ಹೆಜ್ಜೆ ಇಟ್ಟು ಕೂರುವುದು, ಮತ್ತೆ ಏಳುವುದು. ಅವ್ವನ ಹಣೆ ಎಂದು ನಾನು ಅವತ್ತು ಕಂಡದ್ದು ಈಗ ಕಾಣಲಿಲ್ಲ. ಅದು ಅದರದೇ ಮುಖ. ನಾಲ್ಕು ಮಾರು ದೂರದಲ್ಲಿ ನಿಂತು ಅಳಿಲು ನೋಡುತ್ತಿತ್ತು.

“ನಿವಾಂಶಿ,” ಎಂದು ಕರೆದೆ. ಬಾಯಿಬಿಟ್ಟು ಕರೆದದ್ದು ಅದೇ ಮೊದಲು.

ತಟ್ಟನೆ ತಿರುಗಿದಳು. ನನ್ನನ್ನು ನೋಡಿದಳು. ಕರೆದವರು ಬೇರೆ ಯಾರೋ ಇರಬೇಕು ಎನ್ನುವಂತೆ ನನ್ನ ಹಿಂದೆ, ಆಚೆ ಈಚೆ ಹುಡುಕಿದಳು. ಯಾರೂ ಸಿಗದೆ ಬಿದ್ದೆದ್ದು ಹೋಗಿ ತಾಯಿಯ ಮೊಣಕಾಲು ಹಿಡಿದು ಸೆರಗಿನಲ್ಲಿ ಮುಖ ಹುದುಗಿಸಿದಳು.

“ಹೊಸಬರನ್ನ ಕಂಡ್ರ ಹಂಗ ಮಾಡ್ತಾಳ್ರಿ,” ಎಂದಳು ಶೀಲಾ. ಚುಚ್ಚಲು ಅಂದದ್ದಲ್ಲ. ನನಗೆ ಬೇಸರವಾಗದಿರಲಿ ಎಂದೇ ಅಂದದ್ದು.

ನಾನು ಕಟ್ಟೆಯಿಂದ ಇಳಿದು, ಮಂಡಿ ನೋವು ಮರೆತು, ನೆಲದ ಮೇಲೆ ಅವಳ ಎತ್ತರಕ್ಕೆ ಕೂತೆ. “ನಾ ಅತ್ತಿ,” ಎಂದೆ. ಸೆರಗಿನ ಸಂದಿಯಿಂದ ಒಂದು ಕಣ್ಣು ನನ್ನನ್ನೇ ನೋಡುತ್ತಿತ್ತು. ಆ ಮಾತನ್ನು ಅವಳಿಗೆ ಇನ್ನೂ ಯಾರೂ ಕಲಿಸಿರಲಿಲ್ಲ.